ಎಡಕ್ಕೆ ಹಾಕಿದ ಸರಪಳಿ

ಸೈಕಲ್ ರಿಪೇರಿಯ ಕೆಲಸಕ್ಕೆ ಹೊಸದಾಗಿ ಬರುವ ಹುಡುಗರು ನನ್ನನ್ನು ಕೇಳುವುದು ಒಂದೇ ಪ್ರಶ್ನೆ: “ಅಜ್ಜಾರ, ಈ ಕೆಲಸದಾಗ ಕಠಿಣ ಯಾವುದ್ರಿ?” ಪಂಚರ್ ಅಂತಲೋ ಗಾಲಿಯ ಡೊಂಕು ತೆಗೆಯುವುದು ಅಂತಲೋ ಹೇಳುತ್ತೇನೆಂದು ಕಾಯುತ್ತಾರೆ. ಅವೆಲ್ಲ ಆರು ತಿಂಗಳಲ್ಲಿ ಕೈಗೆ ಬರುತ್ತವೆ. ಕಠಿಣವಾದದ್ದು ಎಡ ಯಾವುದು, ಬಲ ಯಾವುದು ಎಂದು ತಿಳಿಯುವುದು. ಹೀಗಂದರೆ ನಗುತ್ತಾರೆ. ನಗಲಿ. ಇಡೀ ಆಯುಷ್ಯ ನಟ್ಟು ಬಿಗಿಯುವ ಪಾನಾ ಹಿಡಿದ ನನಗೆ ಇಂದಿಗೂ ಅದು ಗಟ್ಟಿಯಾಗಿ ಗೊತ್ತಿಲ್ಲ.

ನೀವೇ ವಿಚಾರ ಮಾಡಿ. ಸೈಕಲ್ಲಿನ ಮೇಲೆ ಕೂತವನಿಗೆ ಒಂದು ಎಡ. ಅವನ ಎದುರಿಗೆ ನಿಂತು ಹ್ಯಾಂಡಲ್ ಬಿಗಿಯುವ ನನಗೆ ಅದೇ ಬಲ. ರಿಪೇರಿಗೆಂದು ಸೈಕಲ್ಲನ್ನು ಬೋರಲು ಹಾಕಿ ಗಾಲಿ ಮೇಲೆ ಮಾಡಿದರಂತೂ ದೇವರೇ ಗತಿ. ಗಿರಾಕಿ ಬಂದು “ಎಡಗಡೆ ಪೆಡ್ಲು ಸಡಲಾಗೇತಿ” ಅಂದರೆ ನಾನು ಮೊದಲು ಬಲಗೈಯಿಂದ ಊಟ ಮಾಡುವಂತೆ ಕೈಯನ್ನು ಬಾಯಿಯ ಹತ್ತಿರ ಒಯ್ಯುತ್ತಿದ್ದೆ. ಇದು ಬಲ, ಹಾಗಾದರೆ ಅದು ಎಡ ಎಂದು ಗೊತ್ತು ಮಾಡಿಕೊಳ್ಳಲು. ಅಷ್ಟು ಮಾಡಿಯೂ ಒಮ್ಮೊಮ್ಮೆ ಗಟ್ಟಿಯಿದ್ದ ಪೆಡ್ಲನ್ನೇ ಬಿಚ್ಚಿ ಕೂರುತ್ತಿದ್ದೆ. ನನ್ನ ಉಸ್ತಾದರು ಆಗ ತಲೆ ಚಚ್ಚಿಕೊಳ್ಳುತ್ತಿದ್ದರು. “ಏ ದಾವಲ್ಯಾ, ಎಡಬಿಡಂಗಿ ಅನ್ನೂ ಮಾತು ನಿನ್ನ ನೋಡೇ ಹುಟ್ಟೇತಿ ಬಿಡು!”

ಉಸ್ತಾದರ ಅಂಗಡಿ ಹುಬ್ಬಳ್ಳಿಯ ಪೇಟೆಯಲ್ಲಿತ್ತು. ನಾನು ಅಲ್ಲಿ ಕೆಲಸಕ್ಕೆ ನಿಂತಾಗ ಸೈಕಲ್ಲಿಗೆ ಬರುವವರು ಸಾಹೇಬರು, ವಕೀಲರು, ಒಬ್ಬಿಬ್ಬರು ಡಾಕ್ಟರು. ಐದಾರು ವರ್ಷ ಕಳೆಯುವಷ್ಟರಲ್ಲಿ ಗುಮಾಸ್ತರು, ಸಾಲಿ ಮಾಸ್ತರರು, ಸಿಂಪಿಗರು, ಹಾಲು ಮಾರುವವರು ಎಲ್ಲರೂ ಹತ್ತಿದರು. ಸೈಕಲ್ಲು ಬಂತು, ಅದರ ಹಿಂದೆ ಜನರ ತಲೆಯಲ್ಲಿ ನೂರು ಗೊಂದಲಗಳೂ ಬಂದವು. ಹಿರಿಯರು ಎದುರಿಗೆ ಬಂದರೆ ಇಳಿಯಬೇಕೋ, ಕೂತೇ ನಮಸ್ಕಾರ ಮಾಡಬೇಕೋ? ಕೈ ಬಿಟ್ಟು ನಮಸ್ಕಾರ ಮಾಡಿದ ಮಾಸ್ತರರೊಬ್ಬರು ತಾವು ವಂದಿಸಿದ ಹಿರಿಯರ ಮೇಲೆಯೇ ಬಿದ್ದು ಇಬ್ಬರನ್ನೂ ಜನ ಎತ್ತಬೇಕಾಯಿತು. ದಸರೆಯ ಖಂಡೇಪೂಜೆಗೆ ಕುಂಕುಮ ಹಚ್ಚುವುದು ಹ್ಯಾಂಡಲ್ಲಿಗೋ ಸೀಟಿಗೋ ಎಂದು ನಮ್ಮ ಅಂಗಡಿಗೆ ಕೇಳಲು ಬರುತ್ತಿದ್ದರು. ನಾನು ಸಾಬರವನು, ನನಗೇನು ಗೊತ್ತು? “ಎರಡಕ್ಕೂ ಹಚ್ರಿ” ಅನ್ನುತ್ತಿದ್ದೆ. ಹಚ್ಚಿ ಅದರ ಮೇಲೆಯೇ ಕೂತು ಕೆಂಪು ಧೋತರ ಹೊತ್ತುಕೊಂಡು ಮರುದಿನ ಜಗಳಕ್ಕೆ ಬರುತ್ತಿದ್ದರು.

ಕೆಲಸದ ಪದ್ಧತಿಯೂ ಆಗಲೇ ಬದಲಾಯಿತು. ಮೊದಲಿನ ಹಲವು ಸೈಕಲ್ಲುಗಳಲ್ಲಿ ಗಾಲಿ ತಿರುಗಿದಷ್ಟೂ ಪೆಡ್ಲು ತಿರುಗಲೇಬೇಕು. ಇಳಿಜಾರಿನಲ್ಲಿ ಸವಾರನ ಕಾಲುಗಳು ಕವಣೆಯ ಹಾಗೆ ಬೀಸುತ್ತಿದ್ದವು. ನಾನು ಕಲಿತದ್ದು ಅಂಥವುಗಳ ಮೇಲೆ. ಆಮೇಲೆ ಫ್ರೀವೀಲ್ ಬಂತು. ಹಿಂದಿನ ಗಾಲಿಯ ಹಲ್ಲುಚಕ್ರದೊಳಗೆ ಎರಡು ಸಣ್ಣ ಕೊಕ್ಕೆಗಳಿರುತ್ತವೆ. ಮುಂದಕ್ಕೆ ತುಳಿದರೆ ಹಿಡಿಯುತ್ತವೆ, ಸುಮ್ಮನಿದ್ದರೆ ಕಟಕಟ ಎಂದು ಜಾರುತ್ತವೆ. ಒಂದೇ ದಿಕ್ಕಿಗೆ ಹಿಡಿತ. ಈ ಒಂದು ವಾಕ್ಯ ಆಗ ನನ್ನ ತಲೆಗೆ ಹೋಗಿದ್ದರೆ ನಾನು ಇದನ್ನು ಬರೆಯುವ ಕಾರಣವೇ ಇರುತ್ತಿರಲಿಲ್ಲ.

ಒಂದು ದಿನ ಗುಂಡೋಪಂತರು ಅಂಗಡಿಗೆ ಬಂದರು. ಹತ್ತಿಯ ಜಿನ್ನಿಂಗ್ ಗಿರಣಿಯಲ್ಲಿ ಗುಮಾಸ್ತರು, ಬೆಂಗೇರಿಯಲ್ಲಿ ಮನೆ. ಹೆಂಡತಿ ತೀರಿಕೊಂಡಿದ್ದರು. ಇದ್ದವಳು ಒಬ್ಬಳೇ ಮಗಳು ಅಂಬಕ್ಕ. ಮೂರು ಸಂಬಂಧಗಳು ಜಾತಕ ಕೂಡದೆ ತಪ್ಪಿಹೋಗಿದ್ದವು ಎಂದು ಊರಿಗೆಲ್ಲ ಗೊತ್ತಿತ್ತು. ಅಂದು ಅವರ ಮುಖದಲ್ಲಿ ಸಂತೋಷವೂ ಇತ್ತು, ಗಾಬರಿಯೂ ಇತ್ತು.

“ದಾವಲಸಾಬ, ಉಸ್ತಾದ ಎಲ್ಲಿ?”

“ಮಗಳ ಊರಿಗೆ ಗದಗಕ್ಕ ಹೋಗ್ಯಾರ್ರಿ. ಬರೂದು ವಾರ ಆಕ್ಕೇತಿ. ಏನಾಗಬೇಕಿತ್ರಿ ಪಂತರ?”

“ನಮ್ಮ ಅಂಬಕ್ಕನ ಲಗ್ನ ಗೊತ್ತಾಗ್ಯದಪಾ. ಹುಡುಗ ಧಾರವಾಡದಾಗ ಕಾಲೇಜು ಕಲೀಲಿಕ್ಹತ್ಯಾನ, ಸಪ್ತಾಪುರದಾಗ ಖೋಲಿ ಮಾಡ್ಕೊಂಡಾನ. ಅವಗ ಒಂದು ಸೈಕಲ್ಲು ಕೊಡೂದಂತ ಮಾತಾಗ್ಯದ.”

“ಛಲೋ ಆತಲ್ರಿ!”

“ಎಲ್ಲಿ ಛಲೋ? ಹುಡುಗನ ಕಾಕಾ ಒಂದು ತೊಡಕು ಹಾಕ್ಯಾರ. ಸೈಕಲ್ಲು ಅಂದ್ರ ವಾಹನ. ಮದುಮಗ ಹೊಸಾ ವಾಹನಕ್ಕ ಮೊದಲ ಬಲಗಾಲು ಇಡಬೇಕಂತ. ನಿಮ್ಮ ಸೈಕಲ್ಲಿಗೆ ನೋಡಿದ್ರ ಎಲ್ಲಾರೂ ಎಡಗಾಲಿಟ್ಟು ಹತ್ತತಾರ.”

ಖರೇ! ಇಷ್ಟು ವರ್ಷ ಇಷ್ಟು ಜನ ಎಡಗಾಲು ಪೆಡ್ಲಿನ ಮೇಲಿಟ್ಟು, ಬಲಗಾಲು ಬೀಸಿ ಕೂತದ್ದನ್ನು ನೋಡಿದ್ದೆ. ಹೊಸ್ತಿಲು ದಾಟಲು ಬಲಗಾಲು ಹುಡುಕುವ ಜನ ಇಲ್ಲಿ ಎಡಗಾಲಿಡುತ್ತಾರೆಂದು ಹೊಳೆದೇ ಇರಲಿಲ್ಲ.

“ಆ ಕಡಿಯಿಂದ ಹತ್ತಲಿ ಬಿಡ್ರಿ, ಬಲಗಾಲು ತಾನ ಮೊದಲ ಬರ್ತೇತಿ.”

“ಆ ಕಡೆ ಸರಪಳಿ ಅದಲ್ಲೋ! ಮದುವಿ ಧೋತರಕ್ಕ ಎಣ್ಣಿ ಹತ್ತಿದ್ರ? ಸಿಕ್ಕು ಹರದ್ರ? ಅದೊಂದು ಅಪಶಕುನ ಬ್ಯಾರೆ. ಸರಪಳಿ ಈ ಕಡೆ ಹಾಕ್ಲಿಕ್ಕೆ ಬರೂದಿಲ್ಲೇನು?” ಎಂದು ಕೇಳಿ, ದನಿ ಇಳಿಸಿ ಹೇಳಿದರು: “ದಾವಲಸಾಬ, ಇದು ನಾಲ್ಕನೇ ಸಂಬಂಧ. ಇದೂ ತಪ್ಪಿದ್ರ ನನ್ನ ಮಗಳನ್ನ ಕೇಳವ್ರು ಯಾರೂ ಇಲ್ಲ.”

ಹಳೆಯ ಕಾಲದ ಒಂದು ಸೈಕಲ್ಲಿನ ಸರಪಳಿಯನ್ನು ಉಸ್ತಾದರು ಎಡಕ್ಕೆ ಹಾಕಿದ್ದನ್ನು ನಾನು ನೋಡಿದ್ದೆ. ಅದು ಓಡಿತ್ತು. ಹೊಸ ಅಗಸ ಗೋಣಿ ಎತ್ತಿ ಎತ್ತಿ ಒಗೆದ ಎಂಬಂತೆ ಉಸ್ತಾದರಿಲ್ಲದ ಅಂಗಡಿಯಲ್ಲಿ ನನಗೂ ಉಮೇದು ಬಂತು. “ಹಾಕ್ತೇನ್ರಿ ಪಂತರ, ನೀವು ಅರಾಮಾಗಿ ಲಗ್ನದ ತಯಾರಿ ಮಾಡ್ರಿ” ಅಂದೆ. ಹೋಗುವಾಗ ಅವರು ಇನ್ನೊಂದು ಮಾತು ಹೇಳಿದರು. ಮದುಮಗನಿಗಿಂತ ಮೊದಲು ಆ ಸೈಕಲ್ಲನ್ನು ಯಾರೂ ಹತ್ತಕೂಡದು. ನಾನು ಕೂಡ.

ಎರಡು ದಿನ ಕುಸ್ತಿ ಹಿಡಿದೆ. ಪೆಡ್ಲಿನ ದಂಡಗಳನ್ನು ಅದಲುಬದಲು ಮಾಡಿದೆ, ಹಿಂದಿನ ಗಾಲಿಯನ್ನು ತಿರುಗಿಸಿ ಕೂರಿಸಿದೆ, ಸರಪಳಿ ಎಡಕ್ಕೆ ಬಂತು. ಹತ್ತಿ ನೋಡುವಂತಿರಲಿಲ್ಲ. ಆದ್ದರಿಂದ ಬೋರಲು ಹಾಕಿ ರೂಢಿಯಂತೆ ಸರಪಳಿಯ ಕಡೆ ನಿಂತು, ರೂಢಿಯಂತೆ ಗಡಿಯಾರದ ಮುಳ್ಳು ತಿರುಗುವ ಹಾಗೆ ಪೆಡ್ಲು ತಿರುಗಿಸಿದೆ. ಗಾಲಿ ಗಿರ್ರೆಂದು ತಿರುಗಿತು. ನನಗೆ ಆದ ಹೆಮ್ಮೆಗೆ ಮಿತಿಯಿರಲಿಲ್ಲ.

ಲಗ್ನದ ಹಿಂದಿನ ದಿನ ಹ್ಯಾಂಡಲ್ಲಿಗೆ ಹೂವಿನ ಸರ ಸುತ್ತಿ ಸೈಕಲ್ಲನ್ನು ಬೆಂಗೇರಿಗೆ ದೂಡಿಕೊಂಡು ಹೋದೆ. ದಾರಿಯುದ್ದಕ್ಕೂ ಗಾಲಿಯ ಜೊತೆಗೆ ಪೆಡ್ಲುಗಳೂ ತಿರುಗುತ್ತಿದ್ದವು. ಫ್ರೀವೀಲ್ ಇದ್ದ ಸೈಕಲ್ಲಿನಲ್ಲಿ ಹಾಗೆ ತಿರುಗಕೂಡದು. ಆದರೆ ನಾನು ಕೆಲಸ ಕಲಿತ ಹಳೆಯ ಸೈಕಲ್ಲುಗಳಲ್ಲಿ ತಿರುಗುತ್ತಿದ್ದವಲ್ಲ, ನನಗೆ ವಿಚಿತ್ರ ಅನ್ನಿಸಲೇ ಇಲ್ಲ. ಕಣ್ಣಿದ್ದೂ ಕುರುಡ ಅಂದರೆ ನಾನೇ.

ಹಂದರದ ಮುಂದೆ ಬೀಗರೆಲ್ಲ ನೆರೆದಿದ್ದರು. ಕಾಕಾ ಸೈಕಲ್ಲಿನ ಸುತ್ತ ಒಂದು ಸುತ್ತು ಬಂದು ಸರಪಳಿ ನೋಡಿ “ಹಾಂ, ಈಗ ಶಾಸ್ತ್ರಕ್ಕ ಸರಿ ಆತು” ಅಂದರು. ಪಂತರು ನನ್ನ ಕಡೆ ನೋಡಿ ಕಣ್ಣಲ್ಲೇ ಕೈ ಮುಗಿದರು. ಇಬ್ಬರು ಸೈಕಲ್ಲನ್ನು ಹಿಡಿದುಕೊಂಡರು. ಮದುಮಗ ಬಲಗಾಲಿಟ್ಟು ಹತ್ತಿ ಕೂತ. ವಾಲಗದವರು ಊದಿದರು. ಅವನು ತುಳಿದ. ಪೆಡ್ಲು ಸಲೀಸಾಗಿ ತಿರುಗಿತು, ಸೈಕಲ್ಲು ಇದ್ದಲ್ಲೇ ಇತ್ತು. ಮತ್ತೆ ತುಳಿದ. ಗಾಳಿಯಲ್ಲಿ ಕಾಲಾಡಿಸಿದ ಹಾಗೆ ಪೆಡ್ಲುಗಳು ಸುಮ್ಮನೆ ತಿರುಗಿದವು. ಹಿಡಿದವರು ಅವನು ಹೊರಟನೆಂದು ಕೈ ಬಿಟ್ಟರು. ಸೈಕಲ್ಲು, ಮದುಮಗ, ಹೂವಿನ ಸರ ಎಲ್ಲ ಸೇರಿ ನೆಲಕ್ಕೆ ಬಿದ್ದವು.

ಕೆಲವರು ನಕ್ಕರು. ಕಾಕಾ ನಗಲಿಲ್ಲ. “ಏ ಸಾಬ, ಏನಾಗ್ಯದ ನೋಡು” ಅಂದರು.

ನಾನು ಓಡಿಹೋಗಿ ಬೋರಲು ಹಾಕಿದೆ. ಸರಪಳಿಯ ಕಡೆ ನಿಂತು ತಿರುಗಿಸಿದೆ. ಗಾಲಿ ಗಿರ್ರೆಂದಿತು. ನೆಟ್ಟಗೆ ನಿಲ್ಲಿಸಿ ಅವನನ್ನು ಹತ್ತಿಸಿದೆ. ಮುಂದೆ ಹೋಗಲಿಲ್ಲ. ಮತ್ತೆ ಬೋರಲು ಹಾಕಿದೆ, ತಿರುಗಿತು. ಬೋರಲು ಹಾಕಿದರೆ ಸರಿ, ನೆಟ್ಟಗೆ ನಿಲ್ಲಿಸಿದರೆ ಇಲ್ಲ! ಯಾ ಅಲ್ಲಾ, ಇದೇನು ಮಾಟವೋ ಮದ್ದೋ! ಹಾದಿ ತಿಳಿಯದೆ ಎಲ್ಲರ ಎದುರಿಗೆ ಆ ಮಾತು ಆಡಿಬಿಟ್ಟೆ: “ಸೈಕಲ್ಲಿನಾಗ ಏನೂ ದೋಷ ಇಲ್ರಿ. ಎಲ್ಲಾ ಸರಿ ಐತಿ.”

“ಕೇಳಿದ್ರೇನು?” ಕಾಕಾ ಬೀಗರ ಕಡೆ ತಿರುಗಿದರು. “ಮಿಸ್ತ್ರೀನ ಹೇಳಿದಾ. ಸೈಕಲ್ಲಿನಾಗ ದೋಷ ಇಲ್ಲಂದ್ರ ದೋಷ ಎಲ್ಲದ? ಹುಡುಗಿ ಇನ್ನೂ ನಮ್ಮ ಹೊಸ್ತಿಲಾ ದಾಟಿಲ್ಲ, ಈಗ ನಮ್ಮ ಹುಡುಗನ ಗಾಡಿ ಮುಂದ ಹೋಗವಲ್ದು. ಇದು ಆಕಿ ಕಾಲಗುಣ.”

ಪಂತರು ಕಾಕಾನ ಕೈ ಹಿಡಿದರು, ಕಾಲು ಹಿಡಿಯಲು ಬಗ್ಗಿದರು. ಮದುಮಗ ಧೋತರದ ಮಣ್ಣು ಝಾಡಿಸುತ್ತ ನಿಂತಿದ್ದ. ಹೊತ್ತು ಮುಳುಗುವುದರೊಳಗೆ ಬೀಗರ ಚಕ್ಕಡಿಗಳು ತಿರುಗಿ ಹೋದವು. ಪಂತರು ಆ ಸೈಕಲ್ಲನ್ನು ಇಟ್ಟುಕೊಳ್ಳಲು ಒಪ್ಪಲಿಲ್ಲ; ಅಂಗಡಿಗೆ ದೂಡಿಕೊಂಡು ಬಂದೆ. ಖರೇ ಹೇಳುತ್ತೇನೆ, ಅಂದು ನನಗೂ ಅದು ಅಪಶಕುನವೇ ಅನ್ನಿಸಿತ್ತು.

ಉಸ್ತಾದರು ಗದಗದಿಂದ ಬಂದವರು ಆ ಸೈಕಲ್ಲು ನೋಡಿ ಒಂದು ಕ್ಷಣ ಹುಬ್ಬು ಗಂಟಿಕ್ಕಿದರು. ಆಮೇಲೆ ಹೊಟ್ಟೆ ಹಿಡಿದು ನಕ್ಕರು. “ಗಾಲಿ ತಿರುವಿದಿ, ಅದರ ಕೂಡ ಫ್ರೀವೀಲೂ ತಿರುವಿದಿ. ಈಗ ಕೊಕ್ಕಿ ಹಿಂದಕ್ಕ ಹಿಡೀತಾವ, ಮುಂದಕ್ಕ ಜಾರತಾವ. ನೀ ಸರಪಳಿ ಕಡೆ ನಿಂತು ತಿರುವಿದ್ದು ಮುಂದಕ್ಕಲ್ಲೋ ಗಧೇ, ಹಿಂದಕ್ಕ!” ಸರಪಳಿ ಎಡಕ್ಕೆ ಬಂದ ಮೇಲೆ ನಾನು ನಿಂತ ಬದಿಯೂ ಬದಲಾಗಿತ್ತು. ನನ್ನ ಕೈಗೆ ಮುಂದೆ ಅನ್ನಿಸಿದ್ದು ಗಾಲಿಗೆ ಹಿಂದೆ. ಹಳೆಯ ಸೈಕಲ್ಲಿನಲ್ಲಿ ಎರಡೂ ದಿಕ್ಕಿಗೆ ಹಿಡಿತವಿತ್ತು, ಅದಕ್ಕೇ ಅದು ಓಡಿತ್ತು.

ಹಂದರದಲ್ಲಿ ನಡೆದದ್ದನ್ನು ಹೇಳಿದ ಮೇಲೆ ಅವರ ನಗೆ ನಿಂತಿತು. ಪಾನಾ ಕೆಳಗಿಟ್ಟು ಅಂದರು: “ಹೋಗು. ಈಗಿಂದೀಗ ಹೋಗಿ ಪಂತರಿಗೆ ಹೇಳಿ ಬಾ. ತಪ್ಪು ನಿಂದು, ಆ ಹುಡುಗಿದಲ್ಲ.”

ಹೋದೆ. ಪಂತರು ಕಟ್ಟೆಯ ಮೇಲೆ ಕೂತಿದ್ದರು, ಹಂದರ ಇನ್ನೂ ಬಿಚ್ಚಿರಲಿಲ್ಲ. ದಾರಿಯುದ್ದಕ್ಕೂ ಮಾತು ಹೊಂದಿಸಿಕೊಂಡು ಬಂದಿದ್ದೆ. “ಪಂತರ, ಆ ಎಡಗಡೆ ಐತಲ್ರಿ, ಅದು ಹಿಂದ ಮುಂದ ಆಗಿ, ಅಂದ್ರ ನಿಮ್ಮ ಬಲಗಡೆ…” ಎಂದು ತೊದಲಿದೆ. ಅವರು ಕೈಯೆತ್ತಿ ನನ್ನನ್ನು ತಡೆದರು.

“ನೀ ಮನಸ್ಸಿಗೆ ಹಚ್ಕೋಬ್ಯಾಡ ದಾವಲಸಾಬ. ನಿಂದೇನೂ ತಪ್ಪಿಲ್ಲ. ನೀ ಎರಡು ಸರತೆ ತಿರುವಿ ತೋರಿಸಿದಿ, ನಾನ ಕಣ್ಣಾರೆ ನೋಡೇನಿ. ನನ್ನ ಮಗಳ ಕಾಲಗುಣಕ್ಕ ನೀ ಏನು ಮಾಡ್ತಿ?”

ಬಾಗಿಲ ಹಿಂದೆ ಬಳೆಯ ಸಪ್ಪಳವಾಯಿತು. ಹೇಳಲು ಬಂದವನು ಹೇಳಬೇಕಾಗಿತ್ತು. ಆದರೆ ಅವರಾಗಿಯೇ ನನ್ನನ್ನು ಬಿಟ್ಟುಬಿಟ್ಟಿದ್ದರಲ್ಲ! ಬಿಟ್ಟ ಬಾಗಿಲಿನಿಂದ ಬೆಕ್ಕು ಹೋದಂತೆ ಹೋಗಿಬಿಟ್ಟೆ. ಉಸ್ತಾದರು “ಹೇಳಿದಿ?” ಎಂದು ಕೇಳಿದಾಗ “ಹೇಳಿದೆ” ಅಂದೆ. ಹುಡುಗರೇ, ಪೆಡ್ಲು ತಪ್ಪಿ ಬಿಚ್ಚಿದ್ದು ತಪ್ಪಲ್ಲ. ತಪ್ಪು ಅಂದರೆ ಇದು. ಇದನ್ನು ನೆನೆದರೆ ಈಗಲೂ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ.

ಆ ಸೈಕಲ್ಲನ್ನು ಉಸ್ತಾದರು ಒಂದು ಮಧ್ಯಾಹ್ನದಲ್ಲಿ ಸರಿ ಮಾಡಿ ಗೋಪನಕೊಪ್ಪದ ಕಂಪೌಂಡರೊಬ್ಬರಿಗೆ ಮಾರಿದರು. ಅವರಿಗೆ ಏನೂ ಆಗಲಿಲ್ಲ. ಮಕ್ಕಳಾದವು, ಮನೆ ಕಟ್ಟಿಸಿದರು, ದಿನಾ ಅದೇ ಸೈಕಲ್ಲಿನ ಮೇಲೆ ದವಾಖಾನೆಗೆ ಹೋದರು. ಅವರು ಅಂಗಡಿಯ ಮುಂದೆ ಹಾದಾಗಲೆಲ್ಲ ನಾನು ಬೇರೆ ಕಡೆ ಮುಖ ಮಾಡುತ್ತಿದ್ದೆ. ಪಂತರು ಮನೆ ಬಿಟ್ಟು ಧಾರವಾಡಕ್ಕೆ ಹೋದರೆಂದು ಯಾರೋ ಹೇಳಿದರು.

ಎಂಟು ವರ್ಷಗಳಾದವು. ಉಸ್ತಾದರು ತೀರಿಕೊಂಡರು. ನಾನು ಧಾರವಾಡದಲ್ಲಿ ಸ್ವಂತ ಅಂಗಡಿ ಹಾಕಿದೆ. ಎರಡನೇ ಮಹಾಯುದ್ಧದ ಕಾಲ, ಟಾಯರು ಟ್ಯೂಬು ಸಿಗುತ್ತಿರಲಿಲ್ಲ. ತೇಪೆಯ ಮೇಲೆ ತೇಪೆ ಹಚ್ಚಿ, ಟಾಯರಿನೊಳಗೆ ಹುಲ್ಲು ತುಂಬಿ ಓಡಿಸಿದವರೂ ಇದ್ದರು. ಅದೊಂದು ಬೇರೆಯೇ ಕಥೆ. ಆ ದಿನಗಳಲ್ಲಿ ನನ್ನ ಮಗಳು ಸಾಲಿಗೆ ಹೋಗುವ ವಯಸ್ಸಿಗೆ ಬಂದಳು. ಉರ್ದು ಸಾಲಿ ದೂರ. ಮನೆಯ ಹತ್ತಿರದ ಹೆಣ್ಣುಮಕ್ಕಳ ಕನ್ನಡ ಸಾಲಿಗೆ ಕೈಹಿಡಿದು ಕರೆದುಕೊಂಡು ಹೋದೆ.

ಒಬ್ಬ ಅಕ್ಕೋರು ಬಂದು ಹೆಸರು ಬರೆದುಕೊಂಡರು. ಬಿಳಿ ಸೀರೆ, ದುಂಡು ಮುಖ, ಬಾಯಿ ತುಂಬ ನಗು; ಹಣೆಗೆ ಕುಂಕುಮವಿತ್ತು, ಕೊರಳಲ್ಲಿ ತಾಳಿ ಇರಲಿಲ್ಲ. ವರ್ಗದ ಬಾಗಿಲಿಗೆ ಬಂದಾಗ ಅವರು ನಿಂತುಬಿಟ್ಟರು. ನನ್ನ ಮಗಳ ಬೆನ್ನು ಸವರಿ ಹೇಳಿದರು: “ನೀ ಮೊದಲ ಒಳಗ ಹೋಗವಾ. ಇವತ್ತು ನಿನ್ನ ಮೊದಲನೇ ದಿನಾ ಅಲ್ಲ? ನಾ ಹಿಂದಿನಿಂದ ಬರ್ತೇನಿ. ನನ್ನ ಕಾಲಗುಣ ಛಲೋ ಇಲ್ಲ.” ಹೇಳಿ ಅದೊಂದು ಚೇಷ್ಟೆಯ ಮಾತು ಅನ್ನುವಂತೆ ನಕ್ಕರು.

ಕಾಲಗುಣ! ಪಂತರು ಧಾರವಾಡಕ್ಕೆ ಹೋದರೆಂದು ಕೇಳಿದ್ದು ನೆನಪಾಯಿತು. “ಅಕ್ಕೋರ, ನೀವು ಬೆಂಗೇರಿ ಗುಂಡೋಪಂತರ ಮಗಳೇನ್ರಿ?”

“ಹೌದ್ರಿ. ಅಪ್ಪನ ಗುರುತು ಅದ ಏನ್ರಿ ನಿಮಗ?”

ಹಂದರದ ದಿನ ಅವರನ್ನು ನಾನು ನೋಡಿರಲಿಲ್ಲ, ಅವರೂ ನನ್ನನ್ನು ನೋಡಿರಲಿಲ್ಲ. ಸಾಲಿಯ ಪಡಸಾಲೆಯಲ್ಲಿ ನಿಂತು ಎಲ್ಲ ಹೇಳಿದೆ. ಎಡಬಲ ಮತ್ತೆ ತೊಡರಿದವು. ಅವರು ನಗಲಿಲ್ಲ, ಸಿಟ್ಟಾಗಲಿಲ್ಲ. “ತಾಳ್ರಿ, ಸಾವಕಾಶ ಹೇಳ್ರಿ” ಎಂದು ಮಕ್ಕಳಿಗೆ ಲೆಕ್ಕ ಬಿಡಿಸುವಂತೆ ಒಂದೊಂದೇ ಕೇಳಿದರು. “ಗಾಲಿ ತಿರುವಿದ್ರಿ. ಕೊಕ್ಕಿ ಉಲ್ಟಾ ಆದವು. ಅದಕ್ಕ ಮುಂದ ಹೋಗಲಿಲ್ಲ. ಇಷ್ಟ ಹೌದಲ್ರಿ?”

“ಇಷ್ಟರಿ.”

“ಇಷ್ಟ” ಎಂದು ಅವರು ತಮ್ಮಷ್ಟಕ್ಕೆ ಇನ್ನೊಮ್ಮೆ ಅಂದರು. ಆಮೇಲೆ “ಸಾಲಿ ಬಿಟ್ಟ ಮ್ಯಾಲೆ ನಮ್ಮನಿಗೆ ಬರ್ರಿ. ಇದನ್ನ ಅಪ್ಪನ ಮುಂದ ಹೇಳಬೇಕು ನೀವು” ಅಂದರು.

ಸಪ್ತಾಪುರದಲ್ಲಿ ಎರಡು ಖೋಲಿಯ ಬಾಡಿಗೆ ಮನೆ. ಪಂತರು ಮುದುಕರಾಗಿದ್ದರು, ಆದರೂ ದನಿಯಿಂದಲೇ ನನ್ನ ಗುರುತು ಹಿಡಿದರು. ಈ ಸಲ ಅವರು ತಡೆಯುವ ಮೊದಲೇ ಒಂದೇ ಗುಕ್ಕಿನಲ್ಲಿ ಎಲ್ಲ ಹೇಳಿ ಮುಗಿಸಿದೆ. ಬೈಯಲಿ, ಹೊಡೆಯಲಿ ಎಂದು ತಲೆ ತಗ್ಗಿಸಿ ಕೂತೆ.

ಅವರು ಬೈಯಲಿಲ್ಲ. ದಾರಿ ತಪ್ಪಿದವರಂತೆ ನನ್ನ ಮುಖ, ಮಗಳ ಮುಖ ನೋಡಿದರು.

“ಹಂಗಾರ ಇಕಿ ಕಾಲಾಗ ಏನೂ ಇದ್ದಿಲ್ಲೇನು?”

“ಏನೂ ಇದ್ದಿಲ್ರಿ ಪಂತರ. ಎಲ್ಲಾ ನನ್ನ ಕೈಯಾಗಿತ್ತು.”

ಪಂತರು ಮಗಳ ಕಡೆ ತಿರುಗಿದರು. “ಅಂಬಕ್ಕಾ, ನಾ ಹೊರಗ ಹೊಂಟಾಗ ನೀ ಎದುರಿಗೆ ಬಂದ್ರ… ಚಪ್ಪಲಿ ಕಳದು, ಒಳಗ ಬಂದು ಕೂತು, ನೀರು ಕುಡದು ಹೋಗತಿದ್ದೆ. ನೀರಡಿಕಿ ಆಗ್ಯದಂತ ಹೇಳತಿದ್ದೆ. ನೀರಡಿಕಿ ಅಲ್ಲವಾ ಅದು, ಅಪಶಕುನ ಕಳೀಲಿ ಅಂತ.”

ಅಕ್ಕೋರು ಗೋಡೆಗೆ ಒರಗಿ ನಿಂತಿದ್ದರು. “ನನಗ ಗೊತ್ತಿತ್ತಪ್ಪಾ” ಅಂದರು. “ಅದಕ್ಕ ನೀವು ಹೊರಗ ಹೋಗೂತನಕ ನಾ ಅಡಗಿಮನಿ ಬಿಟ್ಟು ಬರ್ತಿದ್ದಿಲ್ಲ.”